ಸಂಪತ್ಕುಮಾರರು ಕಂಡ ತಾಯಿ ನುಸಿ

ಚನ್ನರಾಯಪಟ್ಟಣದ ಬಸ್ ನಿಲ್ದಾಣದಿಂದ ಸಂತೆ ಮೈದಾನದ ಕಡೆಗೆ ಹೋಗುವ ದಾರಿಯಲ್ಲಿ ಒಂದು ಬಟ್ಟೆ ಅಂಗಡಿ ಇತ್ತು. ಅದರ ಮಹಡಿಗೆ ಹತ್ತುವ ಮೆಟ್ಟಿಲುಗಳ ಕೆಳಗಿನ ಮೂಲೆಯೇ ಸಂಪತ್ಕುಮಾರರ ವಾಚ್ ರಿಪೇರಿ ಅಂಗಡಿ. ಒಬ್ಬರು ಕೂರುವಷ್ಟು ಜಾಗ. ಗಿರಾಕಿ ಬಂದರೆ ರಸ್ತೆಯಲ್ಲೇ ನಿಂತು ಮಾತಾಡಬೇಕು. ಸೀರೆ ಕೊಳ್ಳುವವರು ಹತ್ತಿ ಇಳಿಯುವಾಗ ಮೆಟ್ಟಿಲ ಸಂದಿಯಿಂದ ಮಣ್ಣು ಉದುರುತ್ತಿತ್ತು. ಅದಕ್ಕೆ ಹೆಂಡತಿ ಗೋದಮ್ಮನವರ ಹಳೆಯ ಸೀರೆಯೊಂದನ್ನು ನಾಲ್ಕು ಮೂಲೆಗೆ ಮೊಳೆ ಹೊಡೆದು ತಲೆಯ ಮೇಲೆ ಕಟ್ಟಿದ್ದರು. ಅದೂ ಸಾಲದೆಂದು ಬಿಚ್ಚಿದ ವಾಚಿನ ಚೂರುಗಳನ್ನು ಯಾವಾಗಲೂ ಒಂದು ಗಾಜಿನ ಮುಚ್ಚಳದ ಕೆಳಗೆ ಇಡುತ್ತಿದ್ದರು. ಊಟಕ್ಕೆ ಎದ್ದರೂ ಮುಚ್ಚಳ, ಸೀನು ಬಂದರೂ ಮುಚ್ಚಳ.

ಅವರು ಹುಟ್ಟಿದ್ದು ಹೊಳೆನರಸೀಪುರದ ದೇವಸ್ಥಾನದ ಬೀದಿಯಲ್ಲಿ. ಅಣ್ಣ ಮೇಷ್ಟ್ರಾದರು, ತಮ್ಮ ಅರ್ಚಕರಾದರು. ಸಂಪತ್ಕುಮಾರರು ಮಾತ್ರ ಎಸ್ಸೆಸ್ಸೆಲ್ಸಿಯ ಲೆಕ್ಕದಲ್ಲಿ ಎರಡು ಸಲ ಕೂತು ಎರಡು ಸಲವೂ ನಪಾಸಾದರು. ಮೂರನೆಯ ಸಲ ಕೂರುವ ಬದಲು ಹಾಸನಕ್ಕೆ ಹೋಗಿ, ವಾಚ್ ರಿಪೇರಿ ಮಾಡುವ ಒಬ್ಬ ಮುದುಕರ ಪಕ್ಕದಲ್ಲಿ ಕೂತರು. ಆ ಮುದುಕರು ಆರು ವರ್ಷದಲ್ಲಿ ಹೇಳಿಕೊಟ್ಟದ್ದು ಎರಡೇ ಮಾತು. ಕೈ ಹಾಕುವ ಮೊದಲು ಮೂರು ಸಲ ನೋಡು ಎಂಬುದು ಒಂದು. ಸಣ್ಣ ಚಕ್ರ ತಾನಾಗಿ ತಿರುಗುವುದಿಲ್ಲ, ಅದನ್ನು ತಿರುಗಿಸುವ ದೊಡ್ಡದು ಒಳಗೆಲ್ಲೋ ಇರುತ್ತದೆ, ಅದನ್ನು ಹುಡುಕು ಎಂಬುದು ಇನ್ನೊಂದು. ಉಳಿದದ್ದನ್ನು ಸಂಪತ್ಕುಮಾರರು ನೋಡಿ ನೋಡಿಯೇ ಕಲಿತರು.

ತೊಂಬತ್ತರ ದಶಕ ಮುಗಿಯುವ ಹೊತ್ತಿಗೆ ಕೀ ಕೊಡುವ ವಾಚುಗಳು ಕಡಿಮೆಯಾಗಿ ಎಲ್ಲರ ಕೈಗೂ ಸೆಲ್ ವಾಚು ಬಂದಿತ್ತು. ಕೆಟ್ಟರೆ ಜನ ಎಸೆದು ಬೇರೆ ಕೊಳ್ಳುತ್ತಿದ್ದರು. ಕೆಲಸ ಕಡಿಮೆಯಾಯಿತಲ್ಲ ಎಂದು ಯಾರಾದರೂ ಕನಿಕರ ತೋರಿದರೆ ಸಂಪತ್ಕುಮಾರರಿಗೆ ಅರ್ಥವೇ ಆಗುತ್ತಿರಲಿಲ್ಲ. ಕೆಲಸ ಕಡಿಮೆಯಾದರೆ ಒಂದೊಂದು ವಾಚನ್ನೂ ಇನ್ನಷ್ಟು ಹೊತ್ತು ನೋಡಬಹುದಲ್ಲ ಎಂದುಕೊಳ್ಳುತ್ತಿದ್ದರು. ಒಂದು ಗಂಟೆಗೆ ಡಬ್ಬಿಯಲ್ಲಿ ಮೊಸರನ್ನ, ನಾಲ್ಕಕ್ಕೆ ಎದುರು ಹೋಟೆಲಿನ ಅರ್ಧ ಲೋಟ ಕಾಫಿ, ಏಳಕ್ಕೆ ಮನೆ. ಅವರಿಗೆ ಅಷ್ಟು ಸಾಕಾಗಿತ್ತು.

ಆ ಸಮಯಕ್ಕೆ ಸರಿಯಾಗಿ ತೆಂಗಿಗೆ ನುಸಿ ಬಂತು.

ಮೊದಲು ಬಂದದ್ದು ಯಾವ ಊರಿಗೆ ಅಂತ ಯಾರಿಗೂ ಗೊತ್ತಾಗಲಿಲ್ಲ. ಎಳೆಯ ಕಾಯಿಯ ತೊಟ್ಟಿನ ಕೆಳಗೆ ಬಿಳಿಯ ಮಚ್ಚೆ ಕಾಣುತ್ತಿತ್ತು. ಅದು ಕಂದು ಬಣ್ಣಕ್ಕೆ ತಿರುಗಿ, ಕಾಯಿ ಬೆಳೆದಂತೆ ಒಣಗಿದ ಗಾಯದ ಹಾಗೆ ಸೀಳುತ್ತಿತ್ತು. ಕಾಯಿ ಸಣ್ಣದಾಗುತ್ತಿತ್ತು, ಸುಲಿಯಲು ಹೋದರೆ ಮಟ್ಟೆ ಬಿಡುತ್ತಿರಲಿಲ್ಲ. ಇದು ನುಸಿ, ತೆಂಗಿನ ಕಾಯಿಯ ತೊಟ್ಟಿನಡಿಯೇ ಇದರ ಮನೆ, ಕಣ್ಣಿಗೆ ಕಾಣುವುದಿಲ್ಲ ಎಂದು ತೋಟಗಾರಿಕೆ ಇಲಾಖೆಯವರು ಊರೂರಿಗೆ ಬಂದು ಹೇಳಿದರು. ಕಾಣುವುದಿಲ್ಲ ಎಂಬ ಮಾತೇ ಜನರಿಗೆ ಒಪ್ಪಿಗೆಯಾಗಲಿಲ್ಲ.

ದುದ್ದದ ಬೋರಪ್ಪ ಎಂಬವರು ಗೋಡೆ ಗಡಿಯಾರವೊಂದನ್ನು ರಿಪೇರಿಗೆ ತಂದಿದ್ದರು. ಇನ್ನೊಂದು ಕೈಯ ಚೀಲದಲ್ಲಿ ತೆಂಗಿನ ಹರಳುಗಳಿದ್ದವು, ಅಂದರೆ ಇನ್ನೂ ನಿಂಬೆಹಣ್ಣಿನಷ್ಟೇ ಇರುವ ಎಳೆಗಾಯಿಗಳು. ಸಂಪತ್ಕುಮಾರರು ಐಗ್ಲಾಸನ್ನು, ಅಂದರೆ ವಾಚಿನವರ ಭೂತಗನ್ನಡಿಯನ್ನು, ಕಣ್ಣಿಗೆ ಸಿಕ್ಕಿಸಿಕೊಂಡು ಕೂದಲಿನಷ್ಟು ತೆಳ್ಳಗಿನ ತಿರುಪುಮೊಳೆ ತಿರುಗಿಸುವುದನ್ನು ಬೋರಪ್ಪ ಸ್ವಲ್ಪ ಹೊತ್ತು ನೋಡಿದರು.

"ಸಾ, ಅಷ್ಟು ಸಣ್ಣ ಮೊಳೆ ಕಾಣ್ತದೆ ಅಂದ್ರೆ ಈ ನುಸಿನೂ ಕಾಣ್ಬೇಕಲ್ವಾ? ಆಫೀಸರು ಇಲ್ದಿರೋ ಉಳ ಏಳಿ ಔಸ್ದಿ ಮಾರ್ತಾವ್ರೆ ಅಂತಾರೆ ನಮ್ಮೂರಾಗೆ."

ಸಂಪತ್ಕುಮಾರರು ಹರಳನ್ನು ತೆಗೆದುಕೊಂಡರು. ಅದರ ತಲೆಯ ಮೇಲೆ ಟೋಪಿಯಂತೆ ಒಂದರ ಮೇಲೊಂದು ಕೂತಿರುವ ಎಸಳುಗಳನ್ನು ಚಿಮಟದಿಂದ ಬಿಡಿಸಿದರು. ವಾಚಿನ ಹಿಂಬದಿಯ ಮುಚ್ಚಳ ತೆಗೆದಷ್ಟೇ ಮೆಲ್ಲಗೆ ತೆಗೆದರು. ಒಂದು ಐಗ್ಲಾಸಿನಲ್ಲಿ ಹಿಟ್ಟು ಚೆಲ್ಲಿದಂತೆ ಕಂಡಿತು. ಅದರ ಮುಂದೆ ಇನ್ನೊಂದನ್ನು ಹಿಡಿದಾಗ ಹಿಟ್ಟು ಅಲುಗಾಡಿತು. ಬಿಳಿಯ ನೂಲನ್ನು ಚೂರುಚೂರಾಗಿ ಕತ್ತರಿಸಿ ಹಾಕಿದಂತೆ, ಒಂದೊಂದು ಚೂರೂ ತಲೆಯೆತ್ತಿ ಹೊರಳುತ್ತಿತ್ತು. ಅವರು ಮೂರು ಸಲ ನೋಡಿ, ಆಮೇಲೆ ಬೋರಪ್ಪನವರ ಕಣ್ಣಿಗೆ ಗಾಜು ಹಿಡಿದರು. ಬೋರಪ್ಪ ಕಣ್ಣು ಉಜ್ಜಿಕೊಂಡು ಮತ್ತೊಮ್ಮೆ ನೋಡಿದರು. ಗಡಿಯಾರವನ್ನು ಅಲ್ಲೇ ಮರೆತು ಹೋದವರು ಮಾರನೆಯ ವಾರ ಬಂದು ತೆಗೆದುಕೊಂಡರು. ಜೊತೆಗೆ ಮೂವರನ್ನು ಕರೆತಂದಿದ್ದರು.

ಹಾಗೆ ಶುರುವಾದದ್ದು ನಿಲ್ಲಲಿಲ್ಲ. ಸಂತೆಯ ದಿನ ಮೆಟ್ಟಿಲ ಪಕ್ಕ ಚೀಲ ಹಿಡಿದವರ ಸಾಲು. ಅರಕಲಗೂಡಿನ ಕಡೆಯವರೂ ಕೇಳಿಕೊಂಡು ಬಂದರು. ಸಂಪತ್ಕುಮಾರರು ಯಾರಿಂದಲೂ ಏನೂ ತೆಗೆದುಕೊಳ್ಳುತ್ತಿರಲಿಲ್ಲ. ಬಿಚ್ಚಿದ್ದನ್ನು ತಾನು ಮತ್ತೆ ಜೋಡಿಸಿ ಕೊಡುವುದಿಲ್ಲವಲ್ಲ, ಹಾಗಾಗಿ ಇದು ರಿಪೇರಿ ಆಗುವುದಿಲ್ಲ ಎನ್ನುತ್ತಿದ್ದರು. ಮನೆಯಲ್ಲಿ ಗೋದಮ್ಮ, ಊರಿನ ನುಸಿಗೆಲ್ಲ ನೀವೇ ಡಾಕ್ಟರು, ನಮ್ಮ ಅಕ್ಕಿಯ ಹುಳಕ್ಕೆ ಯಾರು ಎಂದು ರೇಗಿಸುತ್ತಿದ್ದರು. ಅವರು ಮುಗುಳ್ನಕ್ಕು ಅಕ್ಕಿ ಆರಿಸಿ ಕೊಡುತ್ತಿದ್ದರು. ನಿಜ ಹೇಳಬೇಕೆಂದರೆ, ಅಷ್ಟು ಜನ ತಮ್ಮ ಮಾತಿಗೆ ಕಾದು ನಿಂತದ್ದು ಅವರ ಜೀವನದಲ್ಲಿ ಅದೇ ಮೊದಲು. ಅದು ಅವರಿಗೆ ಹಿತವಾಗಿತ್ತು.

ತಪ್ಪು ನಡೆದದ್ದು ಆ ದಿನಗಳಲ್ಲೇ. ಕೆಲವು ಹರಳುಗಳಲ್ಲಿ, ಆ ನೂಲಿನ ಚೂರುಗಳ ನಡುವೆ, ಬೇರೆಯದೊಂದು ಓಡಾಡುವುದನ್ನು ಸಂಪತ್ಕುಮಾರರು ಕಂಡರು. ಚಪ್ಪಟೆ, ತೆಳು ಜೇನಿನ ಬಣ್ಣ, ಎಂಟು ಕಾಲು, ಚುರುಕು. ಚಿಕ್ಕವುಗಳಿಗಿಂತ ಎರಡು ಮೂರು ಪಾಲು ದೊಡ್ಡದು. ಅವರು ಮೂರು ಸಲ ನೋಡಿದರು. ಹಾಸನದ ಮುದುಕರ ಎರಡನೆಯ ಮಾತು ನೆನಪಾಯಿತು. ಇಷ್ಟೊಂದು ಸಣ್ಣವು ಇವೆ ಎಂದರೆ ಇವನ್ನು ಹುಟ್ಟಿಸಿದ ದೊಡ್ಡದೊಂದು ಇರಲೇಬೇಕು, ಅದು ಇದೇ ಎಂದು ತೀರ್ಮಾನಿಸಿದರು. ಇದು ತಾಯಿ ಎಂದು ಜನರಿಗೆ ಹೇಳಿದರು.

ತಾಯಿ ನುಸಿ ಎಂಬ ಹೆಸರು ಅಲ್ಲಿಂದ ಹರಡಿತು. ತಾಯಿ ಇದೆಯಾ, ಬರೀ ಮರಿಗಳಾ ಎಂದು ಜನ ಕೇಳಿಕೊಂಡೇ ಬರತೊಡಗಿದರು. ಮರಿ ಇದ್ದರೆ ಬೇವಿನೆಣ್ಣೆ, ತಾಯಿ ಇದ್ದರೆ ಆ ಮರದ ಗೊನೆಗಳನ್ನೆಲ್ಲ ಕಡಿದು ಸುಡುವುದು ಎಂದು ಅವರವರೇ ಮಾತಾಡಿಕೊಂಡರು. ಸಂಪತ್ಕುಮಾರರು ಅದನ್ನು ಹೇಳಿರಲಿಲ್ಲ. ಬೇಡ ಅಂತಲೂ ಹೇಳಲಿಲ್ಲ.

ಎರಡು ಸಾವಿರದ ಇಸವಿಯ ಒಂದು ಶನಿವಾರ ಜಿನನಾಥಪುರದಿಂದ ಗಂಡಹೆಂಡತಿ ಬಂದರು. ಗಂಡ ನಂಜಯ್ಯ, ಹೆಂಡತಿ ರೇವಮ್ಮ. ಅರವತ್ತು ತೆಂಗಿನ ತೋಟ, ಹಣೆಯ ಮೇಲೆ ವಿಭೂತಿ, ಇಬ್ಬರ ನಡುವೆ ಒಂದು ಜಗಳ. ದಾರಿಯುದ್ದಕ್ಕೂ ಬಸ್ಸಿನಲ್ಲಿ ಆ ಜಗಳ ಆಡಿಕೊಂಡೇ ಬಂದಿದ್ದರೆಂದು ಮುಖ ನೋಡಿದರೆ ಗೊತ್ತಾಗುತ್ತಿತ್ತು.

ವಿಷಯ ಅವರ ಬಚ್ಚಲ ಹಿಂದಿನ ಮರದ್ದು. ರೇವಮ್ಮ ಮದುವೆಯಾಗಿ ಬರುವಾಗ ತವರಿನವರು ಮಡಿಲು ತುಂಬಿದ ಕಾಯಿ ಅದು. ಅತ್ತೆ ಅದನ್ನು ಒಡೆಯದೆ ಬಚ್ಚಲ ನೀರು ಹರಿಯುವ ಕಡೆ ಹೂಳಿದ್ದರು. ಮೊಳೆತು ಮರವಾಯಿತು. ಈಗ ಅದಕ್ಕೆ ಇಪ್ಪತ್ತೆಂಟು ವರ್ಷ; ಫಲ ಬಿಟ್ಟಾಗಿನಿಂದ ಮನೆಯ ಚಟ್ನಿಗೆ, ಸಾರಿಗೆ, ದೇವರಿಗೆ ಅದರದೇ ಕಾಯಿ. ತೋಟಕ್ಕಿಂತ ಮೊದಲು ನುಸಿ ಬಿದ್ದದ್ದೂ ಅದಕ್ಕೇ. ಆ ಒಂದನ್ನು ಉರುಳಿಸಿದರೆ ತೋಟದ ಅರವತ್ತು ಬದುಕುತ್ತವೆ ಎಂದು ನಂಜಯ್ಯನವರ ವಾದ. ರೇವಮ್ಮ ವಾದವನ್ನೇ ಮಾಡುತ್ತಿರಲಿಲ್ಲ, ಆಗುವುದಿಲ್ಲ ಎನ್ನುತ್ತಿದ್ದರು. ಕೊನೆಗೆ ಪಟ್ಟಣದ ವಾಚಿನವರು ಹೇಳಿದಂತೆ ಆಗಲಿ ಎಂದು ಇಬ್ಬರೂ ಒಪ್ಪಿದ್ದರು.

ಸಂಪತ್ಕುಮಾರರು ಹರಳಿನ ಟೋಪಿ ಬಿಡಿಸಿದರು. ಜೇನು ಬಣ್ಣದವು ನಾಲ್ಕು ಇದ್ದವು. ಒಂದೇ ಹರಳಿನಲ್ಲಿ ಅಷ್ಟನ್ನು ಅವರು ಅದುವರೆಗೆ ಕಂಡಿರಲಿಲ್ಲ. ತಲೆಯೆತ್ತಿದಾಗ ರೇವಮ್ಮ ಕಣ್ಣು ಮಿಟುಕಿಸದೆ ತಮ್ಮನ್ನೇ ನೋಡುತ್ತಿದ್ದರು.

"ತಾಯಿ ಇದೆಯಮ್ಮ. ನಾಲ್ಕಿವೆ" ಅಂದರು.

ರೇವಮ್ಮ ಸೆರಗನ್ನು ಬಿಗಿಯಾಗಿ ಹೊದ್ದುಕೊಂಡರು. ನಂಜಯ್ಯನವರಿಗೂ ಗೆದ್ದ ಸಂತೋಷ ಕಾಣಲಿಲ್ಲ. ಮರ ಕಡಿಯುವವರು ಭಾನುವಾರ ಬೇರೆ ಊರಿನಲ್ಲಿದ್ದಾರೆ, ಸೋಮವಾರ ತಮ್ಮಲ್ಲಿ ಎತ್ತಿನ ಹೆಗಲಿಗೆ ನೊಗ ಇಡುವುದಿಲ್ಲ, ಮರಕ್ಕೆ ಕೊಡಲಿ ಮುಟ್ಟಿಸುವುದಿಲ್ಲ, ಮಂಗಳವಾರ ಬೆಳಿಗ್ಗೆ ಕಡಿಸುತ್ತೇನೆ ಎಂದು ಹೇಳಿ ಎದ್ದರು. ಹರಳುಗಳನ್ನು ಅಲ್ಲೇ ಬಿಟ್ಟು ಹೋದರು. ಸಂಪತ್ಕುಮಾರರು ಅಭ್ಯಾಸದಂತೆ ಬಿಚ್ಚಿದ್ದರ ಮೇಲೆ ಗಾಜಿನ ಮುಚ್ಚಳ ಇಟ್ಟು ಅಂಗಡಿಯ ಬಾಗಿಲು ಹಾಕಿದರು. ಭಾನುವಾರ ಅಂಗಡಿಗೆ ರಜೆ.

ಸೋಮವಾರ ಬೆಳಿಗ್ಗೆ ಮುಚ್ಚಳ ತೆಗೆದು ಹರಳನ್ನು ಎಸೆಯುವ ಮೊದಲು ಒಮ್ಮೆ ನೋಡಿದರು. ನೂಲಿನ ಚೂರುಗಳು ತುಂಬ ಕಡಿಮೆಯಾಗಿದ್ದವು. ಕೆಲವು ಬರೀ ಸಿಪ್ಪೆಯಂತೆ ಬಿದ್ದಿದ್ದವು. ನಾಲ್ಕು ದೊಡ್ಡವು ಮೊದಲಿಗಿಂತ ದುಂಡಗೆ ಕಂಡವು. ಸಂಪತ್ಕುಮಾರರು ಕೈಯಲ್ಲಿದ್ದ ವಾಚನ್ನು ಪಕ್ಕಕ್ಕೆ ಸರಿಸಿ ಎರಡೂ ಗಾಜುಗಳನ್ನು ಹಿಡಿದು ಕೂತರು. ಸ್ವಲ್ಪ ಹೊತ್ತಿನಲ್ಲಿ ಒಂದು ದೊಡ್ಡದು ಬಂದು ಒಂದು ಚೂರನ್ನು ಹಿಡಿಯಿತು, ಅಲುಗದೆ ನಿಂತಿತು. ಅದು ಬಿಟ್ಟು ಹೋದಾಗ ಉಳಿದದ್ದು ಸಿಪ್ಪೆ.

ತಾಯಿ ಮಕ್ಕಳನ್ನು ಹೀಗೆ ತಿನ್ನುತ್ತದೆಯೇ? ಬೆಕ್ಕು ಮರಿ ತಿಂದದ್ದನ್ನು ಅವರು ಕೇಳಿದ್ದರು. ಅದಕ್ಕೇ ಅವಸರ ಮಾಡಲಿಲ್ಲ. ಬೇರೆ ಹರಳಿನ ಒಂದು ಎಸಳಿನ ಮೇಲೆ ಚಿಕ್ಕವನ್ನು ಎಣಿಸಿದರು, ಹತ್ತೊಂಬತ್ತು. ಅಲ್ಲಿಗೆ ಒಂದೇ ಒಂದು ದೊಡ್ಡದನ್ನು ಒದ್ದೆ ಕೂದಲಿನ ತುದಿಯಿಂದ ದಾಟಿಸಿ ಮುಚ್ಚಳ ಹಾಕಿದರು. ಹನ್ನೊಂದಕ್ಕೆ ಎಣಿಸಿದಾಗ ಹದಿನೈದಿದ್ದವು. ಒಂದಕ್ಕೆ ಒಂಬತ್ತು. ಮೊಸರನ್ನದ ಡಬ್ಬಿ ಬಿಚ್ಚದೆ ಹಾಗೆಯೇ ಇತ್ತು.

ತೋಟಗಾರಿಕೆ ಕಚೇರಿಗೆ ಹೋಗಿ ಕೇಳೋಣವೆಂದರೆ ಆಫೀಸರು ಹಾಸನಕ್ಕೆ ಮೀಟಿಂಗಿಗೆ ಹೋಗಿದ್ದರು. ಬುಧವಾರ ಬನ್ನಿ ಎಂದು ಕಚೇರಿಯಲ್ಲಿದ್ದವರು ಹೇಳಿದರು. ಬುಧವಾರದ ಹೊತ್ತಿಗೆ ಮರ ನೆಲದ ಮೇಲಿರುತ್ತದೆ. ಸಂಪತ್ಕುಮಾರರು ಕಚೇರಿಯ ಹೊಂಗೆ ಮರದ ಕೆಳಗೆ ಒಂದಿಷ್ಟು ಹೊತ್ತು ನಿಂತರು. ವಾಚಿನಲ್ಲಿ ತಪ್ಪು ಮಾಡಿದರೆ ಮತ್ತೆ ಬಿಚ್ಚಬಹುದು. ಇಪ್ಪತ್ತೆಂಟು ವರ್ಷದ ಮರವನ್ನು ಕಡಿದ ಮೇಲೆ ಯಾವ ಚಿಮಟದಿಂದ ಜೋಡಿಸುವುದು? ಅವರು ಅಂಗಡಿಗೆ ವಾಪಸು ಬಂದು ಎಸಳನ್ನು ಹಳೆಯ ವಾಚಿನ ಡಬ್ಬಿಯಲ್ಲಿಟ್ಟು, ಐಗ್ಲಾಸುಗಳನ್ನು ಜೇಬಿಗೆ ಹಾಕಿಕೊಂಡು ಬಾಗಿಲು ಎಳೆದರು. ಹಾಡಹಗಲು ಅವರು ಅಂಗಡಿ ಮುಚ್ಚಿದ್ದನ್ನು ಎದುರು ಹೋಟೆಲಿನವರು ನೋಡಿದ್ದು ಅದೇ ಮೊದಲು. ಮನೆಯಲ್ಲಿ ಏನಾದರೂ ಆಯಿತೇ ಎಂದು ಓಡಿ ಬಂದು ಕೇಳಿದರು.

ಶ್ರವಣಬೆಳಗೊಳದವರೆಗೆ ಬಸ್ಸು, ಅಲ್ಲಿಂದ ಜಿನನಾಥಪುರಕ್ಕೆ ನಡಿಗೆ. ಬಸದಿಯ ಹತ್ತಿರ ಕುಳಿತಿದ್ದವರನ್ನು, ನಾಳೆ ಮರ ಕಡಿಸುವವರ ಮನೆ ಎಲ್ಲಿ ಎಂದು ಕೇಳಿದರು. ಯಾವ ಮರ ಎಂದು ಅವರು ಕೇಳಲಿಲ್ಲ, ಕೈ ತೋರಿಸಿದರು.

ನಂಜಯ್ಯ ಜಗಲಿಯ ಮೇಲೆ ದಪ್ಪ ಹಗ್ಗದ ಸಿಕ್ಕು ಬಿಡಿಸುತ್ತಿದ್ದರು. ಮರ ಮನೆಯ ಮೇಲೆ ಬೀಳದಂತೆ ಎಳೆಯಲು ಹಗ್ಗ ಬೇಕಿತ್ತು. ಹಿಂದೆ ಬಚ್ಚಲ ಪಕ್ಕದ ಮರದ ಬುಡಕ್ಕೆ ಅರಿಶಿನ ಕುಂಕುಮ ಹಚ್ಚಿತ್ತು. ಮಣೆಯೊಂದರ ಮೇಲೆ ಬಾಳೆಹಣ್ಣು ಇತ್ತು. ಮಗಳನ್ನು ಗಂಡನ ಮನೆಗೆ ಕಳಿಸುವ ದಿನದ ಹಾಗೆ ರೇವಮ್ಮ ಅದರ ಸುತ್ತ ಗುಡಿಸಿ ನೀರು ಹಾಕಿದ್ದರು.

ಸಂಪತ್ಕುಮಾರರು ಕೂರಲಿಲ್ಲ. ಬಸ್ಸಿನಲ್ಲಿ ಬರುತ್ತಾ ಜೋಡಿಸಿಕೊಂಡಿದ್ದ ಮಾತುಗಳೆಲ್ಲ ಮರೆತುಹೋದವು.

"ನಾನು ಹೇಳಿದ್ದು ತಪ್ಪಾಯ್ತು" ಅಂದರು. "ಅದು ತಾಯಿ ಅಲ್ಲ. ನುಸಿನ ತಿನ್ನೋ ಪ್ರಾಣಿ ಅದು. ಮರ ಕಡೀಬೇಡಿ."

ನಂಜಯ್ಯ ಹಗ್ಗ ಕೆಳಗಿಟ್ಟರು. "ಅಲ್ಲ ಸ್ವಾಮಿ, ಮೊನ್ನೆ ತಾಯಿ ಅಂದ್ರಿ. ಇವತ್ತು ರಾಕ್ಷಸಿ ಅಂತೀರ. ನಾಳೀಕೆ ಬಂದು ನಾದಿನಿ ಅಂದ್ರೆ ನಾನೇನ್ ಮಾಡ್ಲಿ? ಮರ ಕಡಿಯೋರ್ಗೆ ಬಾ ಅಂತ ಏಳಿದ್ದೀನಿ, ನನ್ ಎಂಡ್ತಿ ಮೂರು ದಿನದಿಂದ ಅನ್ನ ಮುಟ್ಟಿಲ್ಲ."

ಸಂಪತ್ಕುಮಾರರಿಗೆ ವಾದ ಮಾಡಿ ಗೊತ್ತಿರಲಿಲ್ಲ. ಡಬ್ಬಿ ತೆಗೆದು ಜಗಲಿಯ ಅಂಚಿನಲ್ಲಿ ಬಿಸಿಲು ಬೀಳುವ ಕಡೆ ಇಟ್ಟರು. ನನ್ನ ಮಾತು ಬೇಡ, ನೀವೇ ನೋಡಿ ಎಂದು ಐಗ್ಲಾಸನ್ನು ನಂಜಯ್ಯನವರ ಕಣ್ಣಿಗೆ ಸಿಕ್ಕಿಸಿ, ಇನ್ನೊಂದನ್ನು ತಾವು ಮುಂದೆ ಹಿಡಿದರು. ಉಸಿರು ಬಿಟ್ಟರೆ ಗಾಜು ಮಂಜಾಗುತ್ತದೆ, ಮೂಗಿನಿಂದ ಮೆಲ್ಲಗೆ ಬಿಡಿ ಎಂದರು. ನಂಜಯ್ಯ ಎರಡು ಸಲ ಮಂಜು ಮಾಡಿದರು, ಎರಡು ಸಲವೂ ಸಂಪತ್ಕುಮಾರರು ಪಂಚೆಯ ಅಂಚಿನಿಂದ ಒರೆಸಿ ಮತ್ತೆ ಹಿಡಿದರು. ರೇವಮ್ಮ ಬಾಗಿಲಿನಲ್ಲಿ ನಿಂತಿದ್ದರು. ಬಿಸಿಲು ಜಗಲಿಯಿಂದ ಒಂದು ಗೇಣು ಸರಿಯಿತು. ಸಂಪತ್ಕುಮಾರರು ಡಬ್ಬಿಯನ್ನೂ ಅದರ ಜೊತೆ ಸರಿಸಿದರು. ಇನ್ನು ಅದು ತಿನ್ನದಿದ್ದರೆ? ಬೆಳಗಿನಿಂದ ಹೊಟ್ಟೆ ತುಂಬ ತಿಂದಿದೆ. ಅವರು ಗಾಜನ್ನು ಎರಡೂ ಕೈಯಲ್ಲಿ ಹಿಡಿದು ಕಾದರು.

"ಏ ರೇವಾ," ನಂಜಯ್ಯ ಕಣ್ಣು ತೆಗೆಯದೆ ಮೆಲ್ಲಗೆ ಕರೆದರು, "ತಿಂತಾ ಐತೆ ಕಣೆ. ಇಡ್ಕಂಡು ಈರ್ತಾ ಐತೆ."

ರೇವಮ್ಮನೂ ನೋಡಿದರು. ಅವರು ಒಂದು ಸಲವೂ ಗಾಜು ಮಂಜು ಮಾಡಲಿಲ್ಲ. ನೋಡಿ ಮುಗಿಸಿ ನೇರ ಒಳಗೆ ಹೋದರು. ಪಾತ್ರೆ ಸದ್ದಾಯಿತು. ನಂಜಯ್ಯ ಹಗ್ಗವನ್ನು ಸುತ್ತಿ ಅಟ್ಟದ ಮೇಲೆ ಎಸೆದರು. ಮರ ಕಡಿಯುವವರಿಗೆ ಬೇಡವೆಂದು ಹೇಳಿಕಳಿಸಿದರು. ಒಂದು ವರ್ಷ ನೋಡುತ್ತೇನೆ, ಆಮೇಲೂ ಕಾಯಿ ಹೀಗೇ ಇದ್ದರೆ ನೀವೇ ಬಂದು ಕೊಡಲಿ ಹಿಡಿಯಬೇಕು ಎಂದು ನಕ್ಕರು. ಹಾಗಾದರೆ ನುಸಿ ಹೋಗುತ್ತದೆಯೇ ಎಂದು ಅವರು ಕೇಳಿದ್ದಕ್ಕೆ ಸಂಪತ್ಕುಮಾರರು ನನಗೆ ಗೊತ್ತಿಲ್ಲ ಎಂದರು. ಗೊತ್ತಿಲ್ಲದ್ದನ್ನು ಗೊತ್ತಿಲ್ಲ ಎನ್ನುವುದು ಎಷ್ಟು ಹಗುರ ಎಂದು ಅವರಿಗೆ ಅನ್ನಿಸಿತು. ಮೊಸರನ್ನದ ಡಬ್ಬಿ ಅಂಗಡಿಯಲ್ಲೇ ಉಳಿದಿತ್ತು. ಅವತ್ತು ಅವರ ಮಧ್ಯಾಹ್ನದ ಊಟ ಆದದ್ದು ಸಂಜೆ ಐದಕ್ಕೆ, ಆ ಜಗಲಿಯ ಮೇಲೆ, ರೇವಮ್ಮ ಹಾಕಿಕೊಟ್ಟ ತೆಂಗಿನಕಾಯಿ ಚಿತ್ರಾನ್ನ. ರೇವಮ್ಮನೂ ಒಳಗೆ ತಟ್ಟೆ ಹಾಕಿಕೊಂಡು ಕೂತಿದ್ದರು.

ಬುಧವಾರ ಆಫೀಸರು ಸಿಕ್ಕಿ, ಹೌದು, ನುಸಿಯನ್ನು ತಿನ್ನುವ ಬೇರೆಯದೊಂದು ನುಸಿ ಇದೆ ಎಂದರು. ಅದೇ ದಿನ ಸಂಪತ್ಕುಮಾರರು ಒಂದು ಸ್ಲೇಟು ತಂದು ಮೆಟ್ಟಿಲಿಗೆ ನೇತುಹಾಕಿದರು. "ದೊಡ್ಡದು ತಾಯಿ ಅಲ್ಲ. ನಾನು ಹೇಳಿದ್ದು ತಪ್ಪು. ಅದು ನುಸಿಯನ್ನು ತಿನ್ನುತ್ತದೆ. ಅದಿರುವ ಗೊನೆ ಕಡಿಯಬೇಡಿ." ಮಳೆಗೆ ಅಕ್ಷರ ಅಳಿದರೆ ಮತ್ತೆ ಬರೆಯುತ್ತಿದ್ದರು. ಸ್ಲೇಟು ಎರಡು ವರ್ಷ ಅಲ್ಲೇ ಇತ್ತು. ಗೊನೆ ಕಡಿದು ಸುಟ್ಟಿದ್ದ ಇಬ್ಬರು ಬಂದು ಬೈದು ಹೋದರು, ಅವರು ಎದ್ದು ನಿಂತು ಬೈಸಿಕೊಂಡರು. ಮೇಲಿನ ಬಟ್ಟೆ ಅಂಗಡಿಗೆ ಬಂದ ಹೆಂಗಸರು ಸ್ಲೇಟು ಓದಿ ಇದೇನು ಗಾದೆಯೋ ಎಂದು ನಗುತ್ತಿದ್ದರು. ಬೋರಪ್ಪ ಬಂದಾಗಲೆಲ್ಲ, "ಸಾ, ತಾಯಿ ಚೆನ್ನಾಗವ್ಳಾ?" ಎಂದು ಕೇಳುವುದನ್ನು ಬಿಡಲಿಲ್ಲ. ಅದಕ್ಕೂ ಸಂಪತ್ಕುಮಾರರು ನಗುತ್ತಿದ್ದರು.

ನುಸಿ ಪೂರ್ತಿ ಹೋಗಲಿಲ್ಲ. ವರ್ಷಗಳು ಕಳೆದಂತೆ ಅದರ ಜೋರು ಇಳಿಯಿತು, ಅಥವಾ ಜನ ಅದಕ್ಕೆ ಹೊಂದಿಕೊಂಡರು. ಬಚ್ಚಲ ಹಿಂದಿನ ಮರದ ಕಾಯಿಯ ಮೇಲೆ ಗಾಯದ ಗುರುತು ಉಳಿದರೂ ಒಳಗೆ ಕೊಬ್ಬರಿ ದಪ್ಪವಾಯಿತು. ಯಾರೂ ಕೊಡಲಿ ಹಿಡಿಯಬೇಕಾಗಲಿಲ್ಲ. ಎರಡು ಸಾವಿರದ ಎರಡರಲ್ಲಿ ರೇವಮ್ಮ ಆ ಮರದ ಮೊಳೆತ ಕಾಯಿಯೊಂದನ್ನು ತಂದು ಗೋದಮ್ಮನವರ ಕೈಗೆ ಕೊಟ್ಟರು. ಅದನ್ನು ಸಂಪತ್ಕುಮಾರರ ಮನೆಯ ಬಚ್ಚಲ ನೀರು ಹರಿಯುವ ಕಡೆಯೇ ನೆಟ್ಟರು.

ಏಳನೆಯ ವರ್ಷ ಅದು ಹೊಂಬಾಳೆ ಬಿಟ್ಟಿತು. ಹರಳು ಕಚ್ಚಿದಾಗ ಮರ ಇನ್ನೂ ಗಿಡ್ಡವಾಗಿತ್ತು, ಸ್ಟೂಲು ಹಾಕಿದರೆ ಗೊನೆ ಕೈಗೆ ಸಿಗುತ್ತಿತ್ತು. ಸಂಪತ್ಕುಮಾರರು ಭಾನುವಾರ ಐಗ್ಲಾಸು ಸಿಕ್ಕಿಸಿಕೊಂಡು ಸ್ಟೂಲು ಹತ್ತಿದರು. ಒಂದು ಹರಳಿನ ತೊಟ್ಟಿನ ಕೆಳಗೆ ಬಿಳಿಯ ಮಚ್ಚೆ ಇತ್ತು. ಗೋದಮ್ಮ ಕೆಳಗೆ ಸ್ಟೂಲು ಹಿಡಿದುಕೊಂಡಿದ್ದರು.

"ನೋಡ್ತೀರಾ, ಒಳಗೆ ಯಾರಿದಾರೆ ಅಂತ?" ಎಂದು ಕೇಳಿದರು.

ನೋಡಬೇಕೆಂದರೆ ಟೋಪಿ ಬಿಚ್ಚಬೇಕು. ಬಿಚ್ಚಿದರೆ ಹರಳು ಉಳಿಯುವುದಿಲ್ಲ. ಸಂಪತ್ಕುಮಾರರು ಎಸಳುಗಳು ಬಿಗಿಯಾಗಿ ಮುಚ್ಚಿಕೊಂಡಿದ್ದ ಜಾಗವನ್ನು ಹೊರಗಿನಿಂದಲೇ ಮೂರು ಸಲ ನೋಡಿದರು. ಐಗ್ಲಾಸನ್ನು ಜೇಬಿಗೆ ಹಾಕಿಕೊಂಡು ಕೆಳಗಿಳಿದರು. ಒಳಗಿರುವವರು ಅವರ ಕೆಲಸ ಮಾಡಿಕೊಳ್ಳಲಿ ಎಂದು ಹೇಳಿ, ಸ್ಟೂಲು ಎತ್ತಿಕೊಂಡು ಕಾಫಿಗೆ ಒಳಗೆ ನಡೆದರು.